ಗೀರು ಬಿದ್ದ ಪ್ರಿಂಟಿನ ಸಾಕ್ಷಿ

ಹೋದ ಮಳೆಗಾಲದ ಒಂದು ರಾತ್ರಿ ನಾವು ಹನ್ನೊಂದು ಜನ ಹಾಸ್ಟೆಲ್ಲಿನ ಊಟದ ಹಾಲಿನಲ್ಲಿ ಬೆಂಚುಗಳನ್ನು ಒತ್ತರಿಸಿ, ಗೋಡೆಗೆ ಬಿಳಿ ಪಂಚೆ ಕಟ್ಟಿ ಅಮೆರಿಕದ ಒಂದು ಸಿನಿಮಾ ನೋಡಿದೆವು. ಗೆಳೆಯನೊಬ್ಬ ಹಾರ್ಡ್ ಡಿಸ್ಕಿನಲ್ಲಿ ತಂದಿದ್ದ ಆ ಚಿತ್ರದ ಹೆಸರು 'ಸ್ಟಾರ್ ವಾರ್ಸ್'. 1977ರ ಮೇ 25ರಂದು ಅಲ್ಲಿ ಬಿಡುಗಡೆಯಾದದ್ದು. ಪಂಚೆಯ ಮೇಲೆ ಉದ್ದುದ್ದ ಗೀರುಗಳು, ಧೂಳಿನ ಚುಕ್ಕೆಗಳು, ರೀಲು ಮುಗಿಯುವ ಹೊತ್ತಿಗೆ ಬಲಗಡೆ ಮೇಲ್ಮೂಲೆಯಲ್ಲಿ ಮಿಣಕ್ ಅಂತ ಒಂದು ದುಂಡನೆ ಗುರುತು. ಮೊದಲನೇ ವರ್ಷದ ಹುಡುಗನೊಬ್ಬ, 'ಅಣ್ಣಾ, ಇದ್ಯಾವುದೋ ಕೆಟ್ಟ ಕಾಪಿ, ಮೊಬೈಲಲ್ಲಿ ಇದಕ್ಕಿಂತ ಕ್ಲೀನಾಗಿರೋದು ಸಿಗ್ತದೆ' ಅಂದ.

ಸಿಗುತ್ತದೆ, ನಿಜ. ಕ್ಲೀನಾಗಿರುವುದು ಮಾತ್ರವೇ ಸಿಗುವಂತೆ ಇಷ್ಟು ವರ್ಷ ನೋಡಿಕೊಂಡಿದ್ದಾರೆ. ನಾವು ಮಾತಾಡಬೇಕಾಗಿರುವುದು ಅದರ ಬಗ್ಗೆಯೇ.

ಕತೆ ಗೊತ್ತಿಲ್ಲದವರಿಗೆ ಚುಟುಕಾಗಿ ಹೇಳುತ್ತೇವೆ. ಈ ಚಿತ್ರದ ನಿರ್ದೇಶಕ ಜಾರ್ಜ್ ಲ್ಯೂಕಾಸ್ 1997ರಲ್ಲಿ, ಇಪ್ಪತ್ತು ವರ್ಷ ತುಂಬಿತು ಎಂಬ ನೆಪದಲ್ಲಿ ಅದನ್ನು ತಿದ್ದಿ 'ವಿಶೇಷ ಆವೃತ್ತಿ' ಎಂದು ಬಿಟ್ಟ. ಕಂಪ್ಯೂಟರಿನಲ್ಲಿ ಮಾಡಿದ ಪ್ರಾಣಿಗಳು, ಹೊಸ ಕಟ್ಟಡಗಳು, ಹಿಂದೆ ತಾನೇ ಬೇಡವೆಂದು ಕತ್ತರಿಸಿದ್ದ ಒಂದು ದೃಶ್ಯ, ಇಷ್ಟನ್ನೂ ಒಳಗೆ ತುರುಕಿದ. 2004ರ ಡಿವಿಡಿಗೆ ಮತ್ತೆ ತಿದ್ದಿದ. 2011ರ ಬ್ಲೂ-ರೇಗೆ ಮತ್ತೆ. 2012ರಲ್ಲಿ ಕಂಪನಿಯನ್ನು ಡಿಸ್ನಿಗೆ ಮಾರಿದ. 2019ರಲ್ಲಿ ಡಿಸ್ನಿಯವರು ತಮ್ಮ ಹೊಸ ಸೇವೆಯಲ್ಲಿ ಮನೆಮನೆಗೆ ಬಿಟ್ಟಾಗ ಅದರಲ್ಲಿ ಇನ್ನೂ ಒಂದು ತಿದ್ದುಪಡಿ ಇತ್ತು.

ತಿದ್ದುವುದು ತಪ್ಪೇನಲ್ಲ. ನಾವೂ ಪದ್ಯ ತಿದ್ದುತ್ತೇವೆ. ಕವಿಗೋಷ್ಠಿಯಲ್ಲಿ ಒಂದು ಥರ ಓದಿ, ಪುಸ್ತಕದಲ್ಲಿ ಇನ್ನೊಂದು ಥರ ಅಚ್ಚು ಹಾಕಿಸುತ್ತೇವೆ. ಆದರೆ ಹಳೇ ಪತ್ರಿಕೆ ಇಟ್ಟುಕೊಂಡವನ ಮನೆಗೆ ಹೋಗಿ ಆ ಪುಟ ಹರಿದುಕೊಂಡು ಬರುವುದಿಲ್ಲ. ಲ್ಯೂಕಾಸ್ ಮಾಡಿದ್ದು ಹೆಚ್ಚುಕಡಿಮೆ ಅದನ್ನೇ. 1997ರ ತಿದ್ದುಪಡಿಗೆ ಮೂಲ ನೆಗೆಟಿವನ್ನೇ ಬಿಚ್ಚಿ ಹೊಸ ತುಂಡುಗಳನ್ನು ಜೋಡಿಸಿದರು. ಅಲ್ಲಿಂದಾಚೆಗೆ ತಿದ್ದಿದ ರೂಪವೇ ಚಿತ್ರ, ಹಳೆಯದು ಇಲ್ಲ ಎಂಬ ನಿಲುವು. ಕೇಳಿದವರಿಗೆ, ನೀವು ಪ್ರೀತಿಸಿದ್ದು ಅರ್ಧ ಮುಗಿದ ಚಿತ್ರವನ್ನು ಎಂಬರ್ಥದ ಉತ್ತರ 2004ರಲ್ಲಿ ಬಂತು. ಜನ ಬಿಡಲಿಲ್ಲ. 2006ರಲ್ಲಿ ಹಳೇ ರೂಪವನ್ನು ಡಿವಿಡಿಯ ಬಾಲಕ್ಕೆ ಕಟ್ಟಿ ಕೊಟ್ಟರು. ಅದಾದರೂ ಹೊಸದಾಗಿ ಫಿಲ್ಮಿನಿಂದ ಇಳಿಸಿದ್ದಲ್ಲ, 1993ರ ಲೇಸರ್ ಡಿಸ್ಕಿಗಾಗಿ ಮಾಡಿಟ್ಟಿದ್ದ ಮಂಕು ವಿಡಿಯೋ. ಹಬ್ಬದ ದಿನ ಹಿತ್ತಲ ಬಾಗಿಲಲ್ಲಿ ನಿಂತವರಿಗೆ ತಂಗಳು ನೀಡಿದ ಹಾಗೆ.

ಇದೇ ಲ್ಯೂಕಾಸ್ 1988ರ ಮಾರ್ಚಿನಲ್ಲಿ ಅಮೆರಿಕದ ಸಂಸತ್ತಿನ ಮುಂದೆ ಸಾಕ್ಷಿ ಹೇಳಿದ್ದ. ಆಗ ಕೆಲವು ಹಣವಂತರು ಹಳೇ ಕಪ್ಪು-ಬಿಳುಪು ಚಿತ್ರಗಳನ್ನು ಕೊಂಡುಕೊಂಡು ಕಂಪ್ಯೂಟರಿನಲ್ಲಿ ಬಣ್ಣ ಬಳಿದು ಟಿವಿಗೆ ಮಾರುತ್ತಿದ್ದರು. ಹಣಕ್ಕಾಗಿ, ಅಧಿಕಾರಕ್ಕಾಗಿ ಕಲೆಯನ್ನು ತಿರುಚುವವರು ಅನಾಗರಿಕರು, ಮುಂದೊಂದು ದಿನ ಮೂಲವನ್ನೇ ತೆಗೆದುಹಾಕಿ ತಿದ್ದಿದ್ದನ್ನು ಅದರ ಜಾಗದಲ್ಲಿ ಕೂರಿಸುತ್ತಾರೆ ಎಂಬುದು ಅವನ ವಾದದ ಸಾರ. ಹೇಳಿದ್ದು ಸರಿಯಾಗಿಯೇ ಇತ್ತು. ಒಂಬತ್ತು ವರ್ಷ ಕಳೆದ ಮೇಲೆ ಮಾಡಿದವನು ಅವನೇ ಆದ, ಅಷ್ಟೆ. ಮಾತಾಡುವಾಗ ಅವನು ಮಾಡುವವನಾಗಿ ಮಾತಾಡಿದ್ದ, ತಿದ್ದುವಾಗ ಮಾಲೀಕನಾಗಿ ತಿದ್ದಿದ. ಒಬ್ಬನೇ ಮನುಷ್ಯನೊಳಗೆ ಕುಶಲಕರ್ಮಿಯೂ ಜಮೀನ್ದಾರನೂ ಇರಬಹುದೆಂದು ನಾವು ಇಲ್ಲಿಂದ ಕಲಿಯಬೇಕು.

ಹಂಗಾದ್ರೆ ನಮ್ಮ ಪಂಚೆಯ ಮೇಲೆ ಬಿದ್ದದ್ದು ಯಾವುದು? ಅದನ್ನು '4ಕೆ77' ಅಂತ ಕರೆಯುತ್ತಾರೆ. 2018ರಲ್ಲಿ ಹೊರಬಂತು. ಟೀಮ್ ನೆಗೆಟಿವ್ ಒನ್ ಎಂದು ಕರೆದುಕೊಳ್ಳುವ ಅಭಿಮಾನಿಗಳ ಗುಂಪೊಂದು, ಕಂಪನಿಯ ಅಪ್ಪಣೆ ಇಲ್ಲದೆ, ಚಂದಾ ಎತ್ತಿ ಮಾಡಿದ ಕೆಲಸ. ನೆಗೆಟಿವ್ ಮಾಲೀಕನ ಪೆಟ್ಟಿಗೆಯಲ್ಲಿ ಇತ್ತು. ಆದರೆ 1977ರಲ್ಲಿ ಥಿಯೇಟರುಗಳಿಗೆ ಹೋದ ಪ್ರಿಂಟುಗಳು ಪೆಟ್ಟಿಗೆಯಿಂದ ಹೊರಗೆ ತಿರುಗಾಡಿದ್ದವು. ಪ್ರಿಂಟು ಥಿಯೇಟರಿನವನದೂ ಅಲ್ಲ, ಬಾಡಿಗೆಗೆ ಬಂದದ್ದು. ಓಟ ಮುಗಿದ ಮೇಲೆ ವಾಪಸು ಕೊಡಬೇಕು, ಅಲ್ಲಿ ಅದನ್ನು ನಾಶ ಮಾಡುತ್ತಾರೆ. ಹಾಗೆ ಹೋಗದೆ ಉಳಿದವು ಪ್ರೊಜೆಕ್ಟರ್ ಓಡಿಸುವವನ ಮನೆ ಅಟ್ಟದಲ್ಲೋ, ಸಂಗ್ರಹ ಮಾಡುವ ಹುಚ್ಚಿನವನ ಗ್ಯಾರೇಜಿನಲ್ಲೋ ಅಡಗಿ ಉಳಿದವು. ಕಾನೂನಿನ ಲೆಕ್ಕದಲ್ಲಿ ಅದು ಕದ್ದ ಮಾಲು. ಆ ಕದ್ದ ಮಾಲಿನಿಂದಲೇ ಒಂದು ಪ್ರಿಂಟು ಹುಡುಕಿ, ಅದರ ಒಂದೊಂದು ಚೌಕವನ್ನೂ ಸ್ಕ್ಯಾನ್ ಮಾಡಿದರು. ಇಪ್ಪತ್ತನಾಲ್ಕು ಚೌಕ ಓಡಿದರೆ ಒಂದು ಸೆಕೆಂಡು. ಚಿತ್ರ 121 ನಿಮಿಷ. ಅಂದರೆ ಸುಮಾರು 1,74,000 ಚೌಕ, ಹತ್ತಿರ ಹತ್ತಿರ ಹನ್ನೊಂದು ಸಾವಿರ ಅಡಿ ಫಿಲ್ಮು. ಅಷ್ಟನ್ನೂ ಶುಚಿ ಮಾಡಿ, ಅಲುಗಾಡದಂತೆ ಕೂರಿಸಿ, ಬಣ್ಣ ಹೊಂದಿಸಿ, ತೀರಾ ಕಣ್ಣಿಗೆ ಚುಚ್ಚುವ ಕೊಳೆಯನ್ನು ಕೈಯಾರೆ ಒರೆಸಿದರು. ಕೂಲಿ ಇಲ್ಲ.

ಅವರ ಅದೃಷ್ಟಕ್ಕೆ ಸಿಕ್ಕಿದ್ದು ಟೆಕ್ನಿಕಲರ್ ಪ್ರಿಂಟು. ಇದರ ಮಹತ್ವ ನಮಗೆ ತಿಳಿಸಿದವರು ನಮ್ಮ ಚಿಕ್ಕಪ್ಪ. ಅವರು ಹುಡುಗರಾಗಿದ್ದಾಗ ಎರಡು ಊರಿನ ಟೆಂಟುಗಳ ನಡುವೆ ಸೈಕಲ್ಲಿನಲ್ಲಿ ರೀಲು ಡಬ್ಬಿ ಸಾಗಿಸುವ ಕೆಲಸ ಮಾಡಿದವರು. ಒಂದೇ ಪ್ರಿಂಟು, ಎರಡು ಟೆಂಟು. ಇಲ್ಲಿ ಮೊದಲ ರೀಲುಗಳು ಮುಗಿದ ತಕ್ಷಣ ಅಲ್ಲಿಗೆ ಮುಟ್ಟಿಸಬೇಕು, ದಾರಿಯಲ್ಲಿ ಸೈಕಲ್ ಪಂಚರಾದರೆ ಅಲ್ಲಿನ ಜನ ಹೀರೋಯಿನ್ನಿಗಿಂತ ಮೊದಲು ಇವರ ಹೆಸರು ಹಿಡಿದು ಕೂಗುತ್ತಿದ್ದರು. 'ಕಲರ್ ಪಿಚ್ಚರ್ ಹಳೇದಾದ್ರೆ ಕೆಂಪಗಾಗೋದು ಕಣ್ರೋ, ಆಕಾಶಾನೂ ಕೆಂಪು, ಸೀರೆನೂ ಕೆಂಪು, ಎಲ್ಲಾ ಕುಂಕುಮದ ನೀರಲ್ಲಿ ಅದ್ದಿದಂಗೆ' ಅಂತ ಅವರು ಹೇಳುವುದು ಸತ್ಯ. ಆ ಕಾಲದ ಈಸ್ಟ್‌ಮನ್ ಕಲರ್ ಪ್ರಿಂಟುಗಳಲ್ಲಿ ನೀಲಿ-ಹಸಿರು ಬಣ್ಣ ಬೇಗ ಸಾಯುತ್ತಿತ್ತು, ಉಳಿಯುತ್ತಿದ್ದದ್ದು ಕೆಂಪು. ಟೆಕ್ನಿಕಲರ್ ಪದ್ಧತಿ ಬೇರೆ. ಅದು ನಮ್ಮ ಪ್ರೆಸ್ಸಿನ ಕೆಲಸದ ಹಾಗೆ. ಮುಖಪುಟಕ್ಕೆ ಮೂರು ಬಣ್ಣ ಬೇಕಾದರೆ ಅದೇ ಕಾಗದವನ್ನು ಮೂರು ಸಲ ಮಷೀನಿಗೆ ಕೊಡುತ್ತಾರಲ್ಲ, ಹಾಗೆ ಮೂರು ಅಚ್ಚಿನಿಂದ ಮೂರು ಬಣ್ಣವನ್ನು ಒಂದರ ಮೇಲೊಂದು ಫಿಲ್ಮಿಗೆ ಹೀರಿಸುತ್ತಿದ್ದರು. ಆ ಬಣ್ಣ ನಲವತ್ತು ವರ್ಷವಾದರೂ ಮಾಸಿರಲಿಲ್ಲ.

ಇಷ್ಟು ವಿವರ ಯಾಕೆ ಹೇಳಿದೆವೆಂದರೆ, ಬಣ್ಣದ ನೆನಪನ್ನು ಕಂಪನಿಯ ಪ್ರಕಟಣೆ ಉಳಿಸಲಿಲ್ಲ, ಅಚ್ಚು ಹಾಕುವ ಕೆಲಸ ಉಳಿಸಿತು.

ಈಗ ಚಿತ್ರದೊಳಗೆ ಬರೋಣ. ತಿದ್ದುಪಡಿಗಳಲ್ಲೆಲ್ಲ ಕುಖ್ಯಾತವಾದದ್ದು ಒಂದಿದೆ. ಹ್ಯಾನ್ ಸೋಲೋ ಎಂಬ ಕಳ್ಳಸಾಗಣೆಯವನು ಸಾರಾಯಿ ಅಂಗಡಿಯಲ್ಲಿ ಕೂತಿದ್ದಾನೆ. ಅವನನ್ನು ಹಿಡಿದುಕೊಡಲು ಬಂದ ಗ್ರೀಡೋ ಎಂಬ ಬಾಡಿಗೆ ಬೇಟೆಗಾರ ಎದುರಿಗೆ ಕೂತು ಬಂದೂಕು ತೋರಿಸುತ್ತಾನೆ. 1977ರ ಪ್ರಿಂಟಿನಲ್ಲಿ ಹ್ಯಾನ್ ಮೇಜಿನ ಕೆಳಗಿನಿಂದ ಸುಡುತ್ತಾನೆ, ಗ್ರೀಡೋ ಸಾಯುತ್ತಾನೆ. ಗ್ರೀಡೋ ಗುಂಡು ಹಾರಿಸುವುದೇ ಇಲ್ಲ. 1997ರಲ್ಲಿ ಗ್ರೀಡೋ ಮೊದಲು ಹಾರಿಸುತ್ತಾನೆ, ಮಾರುದ್ದ ದೂರವಿಲ್ಲದಿದ್ದರೂ ಗುರಿ ತಪ್ಪುತ್ತದೆ, ಆಮೇಲೆ ಹ್ಯಾನ್ ಸುಡುತ್ತಾನೆ. ಕಂಪ್ಯೂಟರಿನಲ್ಲಿ ಹ್ಯಾನನ ತಲೆಯನ್ನು ಪಕ್ಕಕ್ಕೆ ಸರಿಸಿದ್ದು ಕಾಣುತ್ತದೆ. 2004ರಲ್ಲಿ ಇಬ್ಬರೂ ಹೆಚ್ಚುಕಡಿಮೆ ಒಟ್ಟಿಗೇ. ಒಬ್ಬ ನಾಯಕನ ಕೈ ತೊಳೆಯಲು ಇಷ್ಟು ವರ್ಷ, ಇಷ್ಟು ನೀರು.

ಇದನ್ನು ನೋಡಿ ಅಲ್ಲಿನ ಅಭಿಮಾನಿಗಳು ಸಿಟ್ಟಾದದ್ದು ಪಾತ್ರದ ಖದರು ಹೋಯಿತೆಂದು. ನಮ್ಮ ಹಾಲಿನಲ್ಲಿ ಕೂತವರಿಗೆ ಬೇರೆ ನೆನಪಾಯಿತು. ಮೊದಲು ಕೈ ಎತ್ತಿದವರು ಯಾರು? ಕೇರಿಯ ಮೇಲೆ ದಾಳಿಯಾದ ಮಾರನೇ ದಿನ ಠಾಣೆಗೆ ಹೋದರೆ ಅಲ್ಲಿ ಆಗಲೇ ಒಂದು ಪ್ರತಿದೂರು ಕಾದಿರುತ್ತದೆ. ಕೇರಿಯವರೇ ಮೊದಲು ಕಲ್ಲು ತೂರಿದರು, ನಾವು ಪ್ರಾಣ ಉಳಿಸಿಕೊಳ್ಳಲು ಹೊಡೆದೆವು, ಅಂತ. ಹೊಡೆದದ್ದನ್ನು ಯಾರೂ ಅಲ್ಲಗಳೆಯುವುದಿಲ್ಲ. ಹಿಂದುಮುಂದು ಮಾಡುತ್ತಾರೆ, ಅಷ್ಟರಲ್ಲೇ ಕೊಲೆ ಆತ್ಮರಕ್ಷಣೆಯಾಗುತ್ತದೆ. ಒಂದು ಕಟ್ಟುಕತೆಯ ಸಿನಿಮಾಕ್ಕೂ ಕೇರಿಯ ರಕ್ತಕ್ಕೂ ಸಮ ಕಟ್ಟುತ್ತಿಲ್ಲ. ಆದರೆ ತಿದ್ದುವವನ ಕೈಚಳಕ ಎರಡೂ ಕಡೆ ಒಂದೇ ಬಗೆಯದು. ಅದನ್ನು ಸಿನಿಮಾದಲ್ಲಿ ಹಿಡಿಯಲು ಸಾಧ್ಯವಾದದ್ದು ಒಂದೇ ಕಾರಣಕ್ಕೆ, ಮೊದಲ ದಾಖಲೆ ಮಾಲೀಕನ ಕೈಯಾಚೆ ಒಂದು ಕಡೆ ಉಳಿದಿತ್ತು.

ಇನ್ನೊಂದು ತಿದ್ದುಪಡಿ ಸಣ್ಣದು, ಯಾರೂ ಅಷ್ಟಾಗಿ ಗಲಾಟೆ ಮಾಡದ್ದು. ನಮಗೆ ಮಾತ್ರ ಅದೇ ದೊಡ್ಡದಾಗಿ ಕಂಡಿತು. ಚಿತ್ರದ ಮೊದಲಿಗೆ ಹಳದಿ ಅಕ್ಷರಗಳು ಆಕಾಶದೊಳಕ್ಕೆ ಸರಿದುಹೋಗುತ್ತವೆ. ಈಗ ಎಲ್ಲಿ ನೋಡಿದರೂ ಅದರ ತಲೆಯಲ್ಲಿ 'ನಾಲ್ಕನೇ ಅಧ್ಯಾಯ' ಅಂತ ಇರುತ್ತದೆ. ನಮ್ಮ ಪಂಚೆಯ ಮೇಲೆ ಅದು ಇರಲಿಲ್ಲ. ಅದನ್ನು ಸೇರಿಸಿದ್ದು 1981ರ ಮರುಬಿಡುಗಡೆಯಲ್ಲಿ. ನಡುವೆ 1980ರಲ್ಲಿ ಎರಡನೇ ಚಿತ್ರ ಬಂದು, ಖಳನಾಯಕ ಡಾರ್ತ್ ವೇಡರನೇ ನಾಯಕ ಲ್ಯೂಕನ ಅಪ್ಪ ಎಂದು ಸಾರಿತ್ತು. ಆಮೇಲೆ ಇಡೀ ಸರಣಿ ಒಂದು ಮನೆತನದ ಪುರಾಣವಾಯಿತು, ಶಕ್ತಿ ರಕ್ತದಲ್ಲಿ ಹರಿಯುವ ಆಸ್ತಿಯಾಯಿತು. 1977ರಲ್ಲಿ ಕೂತು ನೋಡಿದವರಿಗೆ ಲ್ಯೂಕ್ ಮರಳುಗಾಡಿನಲ್ಲಿ ಚಿಕ್ಕಪ್ಪನ ಹೊಲದಲ್ಲಿ ದುಡಿಯುವ ಹುಡುಗ. ಅಪ್ಪ ಒಬ್ಬ ಯೋಧನಾಗಿದ್ದ, ಅವನನ್ನು ಕೊಂದವನು ವೇಡರ್, ಅಷ್ಟೇ ಗೊತ್ತಿದ್ದದ್ದು. ಯೋಧನ ಮಗ ಅನ್ನುವ ವಾಸನೆ ಆಗಲೂ ಇತ್ತು, ಸುಳ್ಳು ಹೇಳಬಾರದು. ಆದರೂ ಆ ಹುಡುಗ ಊರಿನ ಯಾವನೋ ಒಬ್ಬನಾಗಿರಲು ಸಾಧ್ಯವಿತ್ತು. ವಂಶಾವಳಿ ಆಮೇಲೆ ಬರೆದದ್ದು.

ಪಟ್ಟಕ್ಕೇರಿದ ಮೇಲೆ ವಂಶಾವಳಿ ಬರೆಸುವುದು ನಮಗೆ ಹೊಸದೇನಲ್ಲ. 1674ರಲ್ಲಿ ಶಿವಾಜಿಯ ಪಟ್ಟಾಭಿಷೇಕಕ್ಕೆ ಕ್ಷತ್ರಿಯ ಮೂಲ ಬೇಕೆಂದಾಗ ಕಾಶಿಯ ಗಾಗಾಭಟ್ಟ ಅದನ್ನು ಒಪ್ಪಿ ನಡೆಸಿಕೊಟ್ಟ. ಬಾಬಾಸಾಹೇಬರು 1946ರಲ್ಲಿ ಶೂದ್ರರು ಯಾರು ಎಂದು ಕೇಳಿ ಬರೆದ ಪುಸ್ತಕದಲ್ಲಿ ಇದನ್ನು ಚರ್ಚಿಸುತ್ತಾರೆ. ಅದೇ ಪುಸ್ತಕದಲ್ಲಿ ಪುರುಷಸೂಕ್ತವನ್ನು ಎತ್ತಿಕೊಂಡು, ನಾಲ್ಕು ವರ್ಣ ಹುಟ್ಟಿಸುವ ಭಾಗ ಆಮೇಲೆ ಸೇರಿಸಿದ್ದು ಎಂದು ವಾದಿಸುತ್ತಾರೆ. ಅವರು ಹಳೇ ಪಠ್ಯವನ್ನು ಹುಡುಕಿದ್ದು ಪೂಜೆಗಲ್ಲ. ಯಾವುದು ಮೊದಲು, ಯಾವುದು ಆಮೇಲೆ, ಆಮೇಲಿನದರಿಂದ ಯಾರಿಗೆ ಲಾಭ ಎಂದು ಕೇಳಲು ಹುಡುಕಿದರು. ಸ್ಕ್ಯಾನ್ ಮಾಡಿದ ಪ್ರಿಂಟನ್ನು ನಾವು ನೋಡಬೇಕಾದದ್ದು ಈ ಕಣ್ಣಿನಿಂದ ಎಂಬುದು ನಮ್ಮ ವಾದ.

ಯಾಕೆಂದರೆ ಅಭಿಮಾನಿಗಳಲ್ಲಿ ಎಲ್ಲರೂ ಹೀಗೆ ನೋಡುವುದಿಲ್ಲ. ಅವರಲ್ಲೂ ಮಡಿವಂತರಿದ್ದಾರೆ. ಶುದ್ಧ ಮೂಲ ಬೇಕು, ಒಂದು ಚೌಕವೂ ಹೆಚ್ಚುಕಡಿಮೆ ಆಗಕೂಡದು, ಮರಳಿನ ಹಳದಿ ಇಷ್ಟೇ ಹಳದಿ ಇರಬೇಕು ಎಂದು ವರ್ಷಗಟ್ಟಲೆ ಕಚ್ಚಾಡುತ್ತಾರೆ. 'ಮೂಲ', 'ಶುದ್ಧ' ಎಂಬ ಮಾತು ಕೇಳಿದರೆ ನಮಗೆ ಮೈ ಉರಿಯುತ್ತದೆ, ಆ ಮಾತುಗಳಿಂದ ನಮ್ಮ ಅಜ್ಜಂದಿರ ಬೆನ್ನ ಮೇಲೆ ಬರೆ ಬಿದ್ದಿದೆ. ನಿಜ ನೋಡಿದರೆ ಈ ಚಿತ್ರಕ್ಕೆ ಶುದ್ಧ ಮೂಲವೇ ಇಲ್ಲ. 1977ರಲ್ಲೇ ಅದಕ್ಕೆ ಮೂರು ಬಗೆಯ ಧ್ವನಿ ಇತ್ತು. 70 ಎಂಎಂ ಥಿಯೇಟರಿಗೆ ಒಂದು, ಸ್ಟೀರಿಯೋ ಇದ್ದವರಿಗೆ ಒಂದು, ಒಂದೇ ಸ್ಪೀಕರಿನ ಸಾಮಾನ್ಯ ಥಿಯೇಟರಿಗೆ ಒಂದು. ಒಂದೇ ಸ್ಪೀಕರಿನದರಲ್ಲಿ ಕೆಲವು ಮಾತುಗಳೇ ಬೇರೆ, ಲ್ಯೂಕನ ಚಿಕ್ಕಮ್ಮನ ದನಿಯೇ ಬೇರೆ ಹೆಂಗಸಿನದು. ಪೇಟೆಯವನು ಕೇಳಿದ ಚಿಕ್ಕಮ್ಮ ಒಬ್ಬಳು, ಸಣ್ಣ ಊರಿನವನು ಕೇಳಿದ ಚಿಕ್ಕಮ್ಮ ಇನ್ನೊಬ್ಬಳು. ಇದರಲ್ಲಿ ಯಾರದು ಮೂಲ? 4ಕೆ77 ಮಾಡಿದವರು ಗಿರಣಿಯ ಹಿಟ್ಟಿನಂತಹ ಆ ಕಾಳುಕಾಳು ಉಳಿಸಿದ ರೂಪವನ್ನೂ, ನುಣುಪು ಮಾಡಿದ ರೂಪವನ್ನೂ ಎರಡನ್ನೂ ಕೊಟ್ಟರು, ಬೇಕಾದ್ದು ತಗೊಳ್ರಪ್ಪ ಅಂತ. ಅದು ನಮಗೆ ಹಿಡಿಸಿತು. ನಾವು ನೋಡಿದ್ದು ಕಾಳು ಇದ್ದದ್ದನ್ನು.

ಗೀರಿನ ವಿಷಯವನ್ನೂ ಹೇಳಬೇಕು. ಮೇಲ್ಮೂಲೆಯ ದುಂಡನೆ ಗುರುತು ಕತೆಯ ಭಾಗವಲ್ಲ. ಅದು ಪ್ರೊಜೆಕ್ಟರ್ ಓಡಿಸುವವನಿಗೆ ಕೊಟ್ಟ ಸನ್ನೆ. ಮೊದಲ ಸಲ ಮಿಣುಕಿದರೆ ಪಕ್ಕದ ಮಷೀನ್ ಚಾಲೂ ಮಾಡು, ಎಂಟು ಸೆಕೆಂಡಿನ ಆಸುಪಾಸಿನಲ್ಲಿ ಎರಡನೇ ಸಲ ಮಿಣುಕಿದರೆ ಬದಲಾಯಿಸು. ಚಿಕ್ಕಪ್ಪನಿಗೆ ಈ ಚಿತ್ರದ ಭಾಷೆ ಒಂದಕ್ಷರ ಬರುವುದಿಲ್ಲ, ಆದರೆ ಆ ಚುಕ್ಕೆ ಬಿದ್ದ ಕ್ಷಣ ಕೂತಲ್ಲಿಂದಲೇ ಕೈ ಮುಂದೆ ಚಾಚಿದರು. ತೊಳೆದು ಇಸ್ತ್ರಿ ಮಾಡಿದ ಪ್ರತಿಗಳಲ್ಲಿ ಆ ಚುಕ್ಕೆ ಇರುವುದಿಲ್ಲ. ಅಂದರೆ ಚಿತ್ರ ಪರದೆಗೆ ಬರಲು ಕತ್ತಲ ಕೋಣೆಯಲ್ಲಿ ಒಬ್ಬ ಬೆವರಿದ ಎಂಬುದರ ಗುರುತೂ ಇರುವುದಿಲ್ಲ.

ಕೆಲಸದವರ ಗುರುತು ಅಳಿದದ್ದು ಇಲ್ಲಿ ಮಾತ್ರವಲ್ಲ. ಈ ಚಿತ್ರದ ಆಕಾಶಯುದ್ಧವನ್ನು ಮಾಡಿದವರು ಲಾಸ್ ಏಂಜಲೀಸಿನ ವ್ಯಾನ್ ನೈಸ್ ಎಂಬಲ್ಲಿ ಒಂದು ಗೋದಾಮಿನಲ್ಲಿ ಕೂತು, ಪ್ಲಾಸ್ಟಿಕ್ ಆಟಿಕೆಗಳ ಬಿಡಿಭಾಗ ಅಂಟಿಸಿ ಹಡಗುಗಳ ಮಾದರಿ ಕಟ್ಟಿದವರು. ಜಾನ್ ಡೈಕ್‌ಸ್ಟ್ರಾ ಮತ್ತು ಸಂಗಡಿಗರು ಅದಕ್ಕೆಂದೇ ಹೊಸ ಕ್ಯಾಮೆರಾ ಯಂತ್ರ ರೂಪಿಸಿದರು. 1978ರಲ್ಲಿ ಅವರಿಗೆ ಆಸ್ಕರ್ ಬಂತು. ಕತ್ತರಿಸಿ ಜೋಡಿಸಿದ ಮೂವರಿಗೂ ಬಂತು, ಅವರಲ್ಲಿ ಒಬ್ಬರು ಮಾರ್ಷಿಯಾ ಲ್ಯೂಕಾಸ್, ಆಗ ನಿರ್ದೇಶಕನ ಹೆಂಡತಿ. 1997ರಲ್ಲಿ ಆ ಮಾದರಿಗಳ ಎಷ್ಟೋ ಹೊಡೆತಗಳನ್ನು ತೆಗೆದು ಕಂಪ್ಯೂಟರ್ ಚಿತ್ರ ಹಾಕಿದರು. ಕೃತಿ ಕರ್ತೃವಿನದು, ಅವನು ಏನು ಬೇಕಾದರೂ ಮಾಡಬಹುದು ಅನ್ನುವವರನ್ನು ನಾವು ಕೇಳುವುದಿಷ್ಟೆ: ಯಾವ ಕರ್ತೃ? ಸಿನಿಮಾ ಒಬ್ಬನ ನೋಟ್‌ಬುಕ್ಕಿನ ಪದ್ಯವಲ್ಲ. ಗಾರೆಯವನು, ಬಡಗಿ, ಕಲ್ಲು ಹೊತ್ತವಳು ಸೇರಿ ಕಟ್ಟಿದ ಗೋಡೆಯ ಮೇಲೆ ಹೆಸರು ಬರೆಸಿಕೊಂಡವನಿಗೆ ಗೋಡೆಯನ್ನು ಬೀಳಿಸುವ ಹಕ್ಕು ಎಲ್ಲಿಂದ ಬಂತು?

ಇಷ್ಟು ಹೇಳಿದ್ದರಿಂದ ನಮಗೆ ಈ ಚಿತ್ರದ ಮೇಲೆ ಭಕ್ತಿ ಎಂದು ಯಾರೂ ತಿಳಿಯಬಾರದು. ಆಟಿಕೆ ಮಾರಿ ಕೋಟಿ ಎಣಿಸಿದ ಬಂಡವಾಳದ ಸಿನಿಮಾ ಅದು. ಆದರೆ ಹಳೇ ಪ್ರಿಂಟಿನಲ್ಲಿ ನೋಡಿದಾಗ ಚಿತ್ರದ ವಿರುದ್ಧದ ಸಾಕ್ಷಿಯೂ ಚೆನ್ನಾಗಿ ಕಾಣುತ್ತದೆ. ಅದೇ ಸಾರಾಯಿ ಅಂಗಡಿಗೆ ಲ್ಯೂಕ್ ತನ್ನ ಎರಡು ಯಂತ್ರಮಾನವರನ್ನು ಕರೆದುಕೊಂಡು ಬರುತ್ತಾನೆ. ಹಿಂದೆ ಅವನ ಚಿಕ್ಕಪ್ಪ ದನ ಕೊಂಡ ಹಾಗೆ ಕೊಂಡುತಂದವು, ಮೈಗೆ ಓಡಿಹೋಗದಂತೆ ಬೀಗದ ಬಿಲ್ಲೆ ಬಡಿದವು. ಅಂಗಡಿಯವನು, ಈ ಜಾತಿಯವರಿಗೆ ಇಲ್ಲಿ ಜಾಗ ಇಲ್ಲ, ಹೊರಗೆ ಕೂರಿಸು ಎಂದು ಗದರುತ್ತಾನೆ. ನಾಯಕ ಒಂದು ಮಾತು ಎದುರು ಹೇಳುವುದಿಲ್ಲ. ಹೊರಗಿರಿ ಅನ್ನುತ್ತಾನೆ. ಚಿನ್ನದ ಬಣ್ಣದ ಯಂತ್ರ ಮನಸಾರೆ ಒಪ್ಪಿಕೊಂಡು ಹೊರಗೆ ಹೋಗುತ್ತದೆ.

ಹಾಲಿನಲ್ಲಿ ಯಾರೂ ಮಾತಾಡಲಿಲ್ಲ. ಆಮೇಲೆ ಹಿಂದಿನಿಂದ ಒಬ್ಬ, 'ಲೋಟ ಬೇರೆ ಇಟ್ಟಿದ್ರೇನೋ ಕೇಳ್ರಣ್ಣ' ಅಂದ. ನಕ್ಕೆವು. ಹೋಟೆಲ್ಲಿನ ಹೊರಗಿನ ಕಲ್ಲಿನ ಮೇಲೆ ಕೂತು, ತಾವೇ ತೊಳೆದಿಡಬೇಕಾದ ಬೇರೆ ಲೋಟದಲ್ಲಿ ಟೀ ಕುಡಿದವರ ಮಕ್ಕಳ ನಗೆ ಅದು, ಬಹಳ ಹೊತ್ತು ಉಳಿಯಲಿಲ್ಲ.

ಈಗ ನೋಡಿ ತಮಾಷೆ. 1997ರಲ್ಲಿ ಆ ಅಂಗಡಿಗೆ ಹೋಗುವ ಬೀದಿಯನ್ನು ಹಿಗ್ಗಿಸಿದರು, ಕಂಪ್ಯೂಟರಿನ ದೊಡ್ಡ ದೊಡ್ಡ ಪ್ರಾಣಿಗಳನ್ನು ಬೀದಿಯಲ್ಲಿ ಅಡ್ಡಾಡಿಸಿದರು. ಅಂಗಡಿಯೊಳಗೆ ಸುಟ್ಟ ಗುಂಡಿನ ಸರದಿ ಬದಲಿಸಿದರು. ಬಾಗಿಲಲ್ಲಿನ ಕಟ್ಟುಪಾಡು ಮಾತ್ರ ಇದ್ದ ಹಾಗೇ ಬಿಟ್ಟರು. ಕೊನೆಯ ದೃಶ್ಯದಲ್ಲಿ ಯುದ್ಧ ಗೆದ್ದವರಿಗೆ ರಾಜಕುಮಾರಿ ಪದಕ ಹಾಕುತ್ತಾಳೆ. ಲ್ಯೂಕನಿಗೆ ಹಾಕುತ್ತಾಳೆ, ಹ್ಯಾನನಿಗೆ ಹಾಕುತ್ತಾಳೆ. ಅವರ ಜೊತೆಗೇ ಪ್ರಾಣ ಒತ್ತೆಯಿಟ್ಟು ಹೋರಾಡಿ, ಜೊತೆಗೇ ನಡೆದು ಬಂದ ಮೈತುಂಬ ಕೂದಲಿನ ಚ್ಯೂಬಾಕಾನ ಕೊರಳು ಬರಿದು. 1997, 2004, 2011, 2019, ಇಷ್ಟು ಸಲ ಪೆನ್ಸಿಲು ಹಿಡಿದವರಿಗೆ ಆ ಕೊರಳು ಕಾಣಲಿಲ್ಲ. ಕಂಡಿದ್ದರೂ ಅದನ್ನು ತಿದ್ದಕೂಡದೆಂದೇ ನಾವು ಹೇಳುತ್ತಿದ್ದೆವು. ಬರಿ ಕೊರಳು ಬರಿದಾಗಿಯೇ ಇರಲಿ, ನೋಡುವವರು ನೋಡಲಿ.

ಇದೆಲ್ಲ ಅಮೆರಿಕದ ಕತೆ, ನಮ್ಮ ಪತ್ರಿಕೆಗೇಕೆ ಎಂದು ಕೇಳುವ ಮೇಷ್ಟ್ರುಗಳಿಗೆ ಇನ್ನೊಂದು ವಿಷಯ ಹೇಳಬೇಕು. ಅದೇ 1977ರಲ್ಲಿ ನಮ್ಮಲ್ಲಿ ಗಿರೀಶ ಕಾಸರವಳ್ಳಿಯವರ 'ಘಟಶ್ರಾದ್ಧ' ಬಂತು, ಸ್ವರ್ಣಕಮಲ ಪಡೆಯಿತು. ಅನಂತಮೂರ್ತಿಯವರ ಕತೆ. ಬಸುರಾದ ಎಳೆಯ ವಿಧವೆ ಯಮುನೆಗೆ, ಬದುಕಿರುವಾಗಲೇ, ಮಡಕೆ ಒಡೆದು ಶ್ರಾದ್ಧ ಮಾಡಿ ಜಾತಿಯಿಂದ ಹೊರಹಾಕುತ್ತಾರೆ. ಆ ಚಿತ್ರವನ್ನು ಈಚೆಗೆ ಇಟಲಿಯ ಬೊಲೋನ್ಯದ ಲ್ಯಾಬಿನಲ್ಲಿ ಜೀರ್ಣೋದ್ಧಾರ ಮಾಡಿ, 2024ರ ವೆನಿಸ್ ಉತ್ಸವದಲ್ಲಿ ತೋರಿಸಿದರು. ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಷನ್, ಮಾರ್ಟಿನ್ ಸ್ಕಾರ್ಸೆಸಿಯ ವರ್ಲ್ಡ್ ಸಿನೆಮಾ ಪ್ರಾಜೆಕ್ಟ್, ಪುಣೆಯ ರಾಷ್ಟ್ರೀಯ ಸಂಗ್ರಹಾಲಯ ಸೇರಿ ಮಾಡಿದ ಒಳ್ಳೇ ಕೆಲಸ. ದುಡ್ಡು ಕೊಟ್ಟವರು ಹಾಬ್ಸನ್/ಲ್ಯೂಕಾಸ್ ಫ್ಯಾಮಿಲಿ ಫೌಂಡೇಷನ್. ಹೌದು, ಅದೇ ಲ್ಯೂಕಾಸ್, ಅವನ ಹೆಂಡತಿ ಮೆಲೊಡಿ ಹಾಬ್ಸನ್.

ಕೊಟ್ಟಿದ್ದಕ್ಕೆ ಕೃತಜ್ಞತೆ ಇದೆ. ಆದರೂ ಕೇಳದೆ ಇರಲಾಗುವುದಿಲ್ಲ. ಬದುಕಿದ್ದವಳಿಗೆ ಶ್ರಾದ್ಧ ಮಾಡಿದ ಕತೆಯನ್ನು ಉಳಿಸಲು ಹಣ ಕೊಟ್ಟ ಮನೆಯವನೇ, ಅದೇ ವರ್ಷ ಹುಟ್ಟಿದ ತನ್ನ ಚಿತ್ರಕ್ಕೆ, ಅದು ಅಟ್ಟಗಳಲ್ಲಿ ಬದುಕಿದ್ದಾಗಲೇ ಮಡಕೆ ಒಡೆದಿದ್ದನಲ್ಲ! ಕೊನೆಗೂ ಐವತ್ತು ತುಂಬುವ 2027ರಲ್ಲಿ 1977ರ ರೂಪವನ್ನೇ ಪರದೆಗೆ ತರುವುದಾಗಿ ಕಂಪನಿ ಸಾರಿದೆ. 2025ರ ಜೂನಿನಲ್ಲಿ ಲಂಡನ್ನಿನ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿನವರು ತಮ್ಮಲ್ಲಿದ್ದ ಹಳೇ ಟೆಕ್ನಿಕಲರ್ ಪ್ರಿಂಟನ್ನು ಜನರಿಗೆ ತೋರಿಸಿಯೂ ಆಯಿತು. ಚಂದಾ ಎತ್ತಿ ಸ್ಕ್ಯಾನ್ ಮಾಡಿದ ಹುಡುಗರು ಇಷ್ಟು ವರ್ಷ ಬೇಡಿಕೆಯ ಬೆಂಕಿ ಆರದಂತೆ ನೋಡಿಕೊಳ್ಳದಿದ್ದರೆ ಇದು ಆಗುತ್ತಿರಲಿಲ್ಲ ಎಂದೇ ನಮ್ಮ ಅಂದಾಜು.

ನಮ್ಮಲ್ಲಿ ಮಾಲೀಕ ಬಚ್ಚಿಡಬೇಕಾದ ಅಗತ್ಯವೂ ಬೀಳಲಿಲ್ಲ. ಕನ್ನಡದ ಮೊದಲ ಮಾತಾಡುವ ಚಿತ್ರ 'ಸತಿ ಸುಲೋಚನ', 1934ರದು. ಅದರ ಒಂದು ಪ್ರಿಂಟೂ ಉಳಿದ ಹಾಗೆ ಕಾಣೆ. ಹಳೇ ಕಪ್ಪು-ಬಿಳುಪು ಫಿಲ್ಮಿನಲ್ಲಿ ಬೆಳ್ಳಿ ಇರುತ್ತದೆ. ಓಟ ಮುಗಿದ ಪ್ರಿಂಟುಗಳನ್ನು ತೂಕಕ್ಕೆ ಹಾಕಿ ಬೆಳ್ಳಿ ತೆಗೆದರು, ಉಳಿದ ಪಟ್ಟಿ ಬಳೆಗೋ ಇನ್ಯಾವುದಕ್ಕೋ ಹೋಯಿತು. ಅಗ್ರಹಾರದ ಕತೆಯ ಒಳ್ಳೇ ಚಿತ್ರಕ್ಕೆ ವೆನಿಸ್ ಸಿಕ್ಕಿತು, ಸಿಗಬೇಕಾದ್ದೇ. ಗಾಂಧಿ ಕ್ಲಾಸಿನಲ್ಲಿ ನೆಲದ ಮೇಲೆ ಕೂತು ನಮ್ಮ ಅವ್ವ-ಅಪ್ಪಂದಿರು ನೋಡಿದ, ವಿಮರ್ಶಕರು ತಿರುಗಿಯೂ ನೋಡದ ನೂರಾರು ಚಿತ್ರಗಳಿಗೆ ಯಾವ ಫೌಂಡೇಷನ್ನು ಬರುತ್ತದೆ? ಅವುಗಳ ಗುಂಪಿನ ದೃಶ್ಯಗಳಲ್ಲಿ, ಹೀರೋನ ಹಿಂದೆ ಬುಟ್ಟಿ ಹೊತ್ತು, ದಿನಗೂಲಿಗೆ ನಿಂತ ಮುಖಗಳಿವೆ. ಹೆಸರಿನ ಪಟ್ಟಿಯಲ್ಲಿ ಅವರಿಲ್ಲ. ಫಿಲ್ಮಿನ ಮೇಲೆ ಮಾತ್ರ ಇದ್ದಾರೆ.

ಅದಕ್ಕೇ ಊರುಗಳಲ್ಲಿರುವ ಮೇಷ್ಟ್ರುಗಳಲ್ಲಿ, ವಿದ್ಯಾರ್ಥಿ ಗೆಳೆಯರಲ್ಲಿ ಒಂದು ವಿನಂತಿ. ನಿಮ್ಮ ಸೀಮೆಯಲ್ಲಿ ಟೆಂಟು ನಡೆಸಿದವರು, ಪ್ರೊಜೆಕ್ಟರ್ ಓಡಿಸಿದವರು, ಡಬ್ಬಿ ಹೊತ್ತವರು ಇನ್ನೂ ಇದ್ದಾರೆ. ಅವರ ಅಟ್ಟದಲ್ಲಿ ತಗಡಿನ ಡಬ್ಬಿ ಇದೆಯೇ ಎಂದು ಕೇಳಿ. ಇದ್ದರೆ ಬಿಸಿಲಿಗೆ ಹಾಕಬೇಡಿ, ಬಿಚ್ಚಿ ಎಳೆಯಬೇಡಿ, ನೀರಿನಲ್ಲಿ ತೊಳೆಯಬೇಡಿ. ಮುಚ್ಚಳ ತೆಗೆದಾಗ ಹುಳಿ ಹುಳಿ, ವಿನೆಗರಿನ ವಾಸನೆ ಬಂದರೆ ಫಿಲ್ಮು ಕೊಳೆಯಲು ಶುರುವಾಗಿದೆ ಎಂದು ಅರ್ಥ. ಅದನ್ನು ಉಳಿದ ಡಬ್ಬಿಗಳಿಂದ ಬೇರೆ ಮಾಡಿ, ತಂಪಾದ ಒಣ ಜಾಗದಲ್ಲಿ ಇಡಿ. ಡಬ್ಬಿಯ ಮೇಲೆ ಸೀಮೆಸುಣ್ಣದಲ್ಲಿ ಬರೆದ ಊರಿನ ಹೆಸರು, ತಾರೀಖು ಇದ್ದರೆ ಒರೆಸುವ ಮುಂಚೆ ಬರೆದುಕೊಳ್ಳಿ. ನಮ್ಮ ಚಿಕ್ಕಪ್ಪನ ಬಳಿ ಇರುವುದು ಬೀಡಿ ಪೊಟ್ಟಣದಲ್ಲಿ ಸುತ್ತಿಟ್ಟ ಹದಿನಾಲ್ಕು ಚೌಕದ ಒಂದು ತುಂಡು, ರೀಲು ಹರಿದಾಗ ಕತ್ತರಿಸಿ ಬಿಸಾಕಿದ್ದು. ಟ್ಯೂಬ್‌ಲೈಟಿಗೆ ಹಿಡಿದು ನೋಡಿದೆವು. ಎಲ್ಲಾ ಕೆಂಪು. ತಲೆಯ ಮೇಲೆ ಹುಲ್ಲಿನ ಹೊರೆ ಹೊತ್ತ ಒಬ್ಬ ಹೆಂಗಸು ಎಡಗಡೆಯಿಂದ ಬಲಗಡೆಗೆ ಅರ್ಧ ಹೆಜ್ಜೆ ಇಟ್ಟಿದ್ದಾಳೆ. ಯಾವ ಪಿಚ್ಚರ್ ಅಂದರೆ ಚಿಕ್ಕಪ್ಪನಿಗೆ ನೆನಪಿಲ್ಲ.